ಎಲ್ಲರಿಗಿಂತ ಕಪ್ಪು ಮುಖಕ್ಕೆ ಮೊದಲ ಬೆಳಕು

ಡೈರೆಕ್ಟರಮ್ಮ ತಲೆಯನ್ನು ನುಣ್ಣಗೆ ಬೋಳಿಸಿಕೊಂಡಿದ್ದರು. ಕೊರಳಲ್ಲಿ ಸರದ ಬದಲು ಬೆಳಕು ಅಳೆಯುವ ಪುಟ್ಟ ಮೀಟರ್ ದಾರದಲ್ಲಿ ನೇತಾಡುತ್ತಿತ್ತು. ಮೆಲ್ಬರ್ನಿನ ಡ್ಯಾಂಡಿನಾಂಗ್‌ನಲ್ಲಿ ನಮ್ಮ ಪಕ್ಕದ ಮನೆಯವರು, ಸೂಡಾನಿನಿಂದ ಬಂದವರು. ಕಪ್ಪು ಜನರ ಪ್ರೀತಿ, ಮದುವೆ, ಅದರಿಂದೇಳುವ ಮನೆಜಗಳಗಳ ಬಗ್ಗೆ ಸಾಕ್ಷ್ಯಚಿತ್ರ ಮಾಡುತ್ತಿದ್ದರು. ಯಾರ ಮನೆಗೆ ಹೋದರೂ ಅಲ್ಲಿ ಎಲ್ಲರಿಗಿಂತ ಕಪ್ಪಗಿರುವವರ ಕೆನ್ನೆಯ ಬಳಿ ಮೊದಲು ಮೀಟರ್ ಹಿಡಿಯುವುದು ಅವರ ಪದ್ಧತಿ. “ಈ ಮುಖ ಸರಿಯಾಗಿ ಬರಲಿ. ಮಿಕ್ಕವರಿಗೆ ಕ್ಯಾಮೆರಾಗಳು ಬೇಕಾದಷ್ಟು ಉಪಚಾರ ಮಾಡಿವೆ,” ಎನ್ನುತ್ತಿದ್ದರು.

ಸಿಡ್ನಿಯ ಎಪ್ಪಿಂಗ್‌ನಲ್ಲಿರುವ ನನ್ನ ಅಕ್ಕನ ಮಗಳು ರಜೆಗೆ ನಮ್ಮಲ್ಲಿಗೆ ಬಂದಾಗ ನಮ್ಮ ಬೀದಿಯ ಸೂಡಾನಿ ಹುಡುಗನನ್ನು ಮೆಚ್ಚಿದ್ದಳು. ಅವನು ಮೊದಲ ಸಲ ಅವರ ಮನೆಗೆ ಊಟಕ್ಕೆ ಹೋಗುವುದನ್ನು ಚಿತ್ರಿಸಬೇಕು, ಅದೇ ಚಿತ್ರದ ಜೀವ ಎಂದರು ಡೈರೆಕ್ಟರಮ್ಮ. ಭಾವ ಒಪ್ಪಿದರು. ಅಲ್ಲಿನ ಕನ್ನಡ ಮಾತುಗಳನ್ನು ಅವರಿಗೆ ಇಂಗ್ಲಿಷಿನಲ್ಲಿ ತಿಳಿಸಲು ನಾನೂ ಹೋದೆ. ಭಾವ ರೇಷ್ಮೆ ಜುಬ್ಬಾ ತೊಟ್ಟು, ಮುಖಕ್ಕೆ ಪೌಡರ್ ಮೆತ್ತಿಕೊಂಡು, “ವೀ ಡೋಂಟ್ ಸೀ ಕಲರ್,” ಎಂದು ಕ್ಯಾಮೆರಾಗೆ ಹೇಳಿದರು. ಹುಡುಗ ಅಕ್ಕನ ಬಿಸಿಬೇಳೆಬಾತನ್ನು ಮತ್ತೆ ಮತ್ತೆ ಹಾಕಿಸಿಕೊಂಡು ಕೈಯಲ್ಲೇ ತಿಂದ.

ಊಟವಾದ ಮೇಲೆ ಚಿತ್ರಿಸಿದ್ದನ್ನು ಲ್ಯಾಪ್‌ಟಾಪಿನಲ್ಲಿ ನೋಡಿದೆವು. ಹುಡುಗನ ಮುಖ ಹೊಳೆಯುತ್ತಿತ್ತು. ಭಾವನ ಪೌಡರು ಸುಣ್ಣದಂತೆ ಕಾಣುತ್ತಿತ್ತು. ಭಾವ ನನ್ನನ್ನು ಅಡುಗೆಮನೆಗೆ ಕರೆದರು.

“ಎಡಿಟಿಂಗ್‌ನಲ್ಲಿ ಹುಡುಗನ್ನ ಸ್ವಲ್ಪ ಬ್ರೈಟ್ ಮಾಡಕ್ಕೆ ಹೇಳಮ್ಮ. ಮೈಸೂರಲ್ಲಿ ಎಲ್ರೂ ನೋಡ್ತಾರೆ. ನಮ್ ಮದುವೆ ಆಲ್ಬಮ್‌ನಲ್ಲಿ ಸ್ಟುಡಿಯೋದವ್ರು ನಿಮ್ಮಕ್ಕಂಗೆ ಮಾಡಿರ್ಲಿಲ್ವಾ?”

“ಸ್ವಲ್ಪನೇ ಸಾಕು ಕಣೆ,” ಎಂದಳು ಅಕ್ಕ. ಅವಳೂ ಕಪ್ಪೇ. ಸ್ವಂತ ಜನರ ಮೇಲೆ ಅಷ್ಟು ಹೇಸಿಗೆ ನನಗೆ ಹಿಂದೆಂದೂ ಆಗಿರಲಿಲ್ಲ.

ಒಂದಕ್ಷರ ಬಿಡದೆ ಡೈರೆಕ್ಟರಮ್ಮನಿಗೆ ಹೇಳಿದೆ. ಅವರು ಮೀಟರನ್ನು ಅಂಗಿಯೊಳಗೆ ಸೇರಿಸಿಕೊಂಡು, “ಅವನ ಮುಖ ಮುಟ್ಟುವುದಿಲ್ಲ. ಬೇಡವೆಂದರೆ ಇಡೀ ಊಟವನ್ನೇ ಕತ್ತರಿಸುತ್ತೇನೆ,” ಎಂದರು.

“ಹಂಗಾದ್ರೆ ನಮ್ಮನೇದು ಹಾಕೋದೇ ಬೇಡ,” ಎಂದರು ಭಾವ.

ಕತ್ತರಿಸಿದರು. ಜೀವ ಹೋದ ಚಿತ್ರವನ್ನು ಹೆಚ್ಚು ಜನ ನೋಡಲೂ ಇಲ್ಲ. ಆ ಊಟದಲ್ಲಿ ತೆಗೆದ ಹುಡುಗನ ಒಂದು ಫೋಟೊ ಮಾತ್ರ ಅಚ್ಚು ಹಾಕಿಸಿ ನನಗೆ ಕೊಟ್ಟರು. ಮರುವರ್ಷ ಕ್ಯಾನ್ಸರಿನಿಂದ ತೀರಿಕೊಂಡರು.

ಮದುವೆಯೂ ನಡೆಯಿತು. ಭಾವ ಮುಂದೆ ನಿಂತು ಬ್ರೈಟ್ ಮಾಡಿಸಿದ ಆಲ್ಬಮ್‌ನಲ್ಲಿ ಅಳಿಯ ಮುಖಕ್ಕೆ ಬೂದಿ ಬಳಿದುಕೊಂಡಂತಿದ್ದಾನೆ. ಕಳೆದ ಸಲ ಎಪ್ಪಿಂಗ್‌ಗೆ ಹೋದಾಗ ಮೊಮ್ಮಗಳು ಭಾವನ ತೊಡೆಯ ಮೇಲೆ ಕೂತು ಅದನ್ನು ತಿರುವುತ್ತಿದ್ದಳು. ಮದುಮಗಳ ಪಕ್ಕದವನ ಮೇಲೆ ಬೆರಳಿಟ್ಟು, “ತಾತ, ಹೂ ಈಸ್ ದಟ್ ಮ್ಯಾನ್?” ಎಂದಳು.

ಭಾವ ಪುಟ ಮಗುಚಿದರು. ನಾನು ಪರ್ಸಿನಿಂದ ಡೈರೆಕ್ಟರಮ್ಮ ಕೊಟ್ಟ ಫೋಟೊ ತೆಗೆದು ಮುಂದೆ ಹಿಡಿದೆ.

“ಡ್ಯಾಡಿ!” ಎಂದು ಮಗು ಅದನ್ನು ಕಿತ್ತುಕೊಂಡು ಓಡಿತು.