ಎರಡನೇ ಏರ್ಲಿಸ್

ನಮ್ಮೂರಿನ ಶಾಲೆಯಲ್ಲಿ ನಾನು ಓದುವ ಕಾಲಕ್ಕೆ ಒಂದೇ ತರಗತಿಯಲ್ಲಿ ನಾಲ್ವರು ಏರ್ಲಿಸ್‌ಗಳಿದ್ದರು. ಅಜ್ಜಿಯರ ಕಾಲದ ವೇಲ್ಸಿನಲ್ಲಿ ಬೈಬಲಿನ ಮೇರಿ, ರೂತ್, ಹ್ಯಾನಾಗಳೇ ತುಂಬಿದ್ದರು. ಆಮೇಲೆ ಬಂದ ತಾಯಂದಿರು ಮಕ್ಕಳಿಗೆ ನಮ್ಮ ಭಾಷೆಯದೇ ಹೆಸರು ಬೇಕೆಂದು ಹುಡುಕತೊಡಗಿದರು. ಕೆಲವರಿಗೆ ಹಳೆಯ ಕತೆಗಳ ರಾಣಿಯರ ಹೆಸರು ಸಿಕ್ಕಿತು, ಕೆಲವರಿಗೆ ಹೂವಿನ ಹೆಸರು. ಏರ್ಲಿಸ್ ಎಂದರೆ ಚಳಿಗಾಲ ಮುಗಿಯುವ ಮೊದಲೇ ಹಿಮದ ನಡುವೆ ತಲೆಬಾಗಿ ಅರಳುವ ಪುಟ್ಟ ಬಿಳಿ ಹೂ. ಕಲ್ಲುಗಣಿಯ ಬೂದು ಧೂಳಿನಲ್ಲಿ ಬದುಕುವವರಿಗೆ ಆ ಬಿಳುಪು ಹಿಡಿಸಿತು.

ಮನೆತನದ ಹೆಸರು ನೋಡಿದರೆ ಊರಿಗೆ ಊರೇ ಜೋನ್ಸ್, ಇಲ್ಲವೇ ವಿಲಿಯಮ್ಸ್. ಅಡ್ಡಹೆಸರಿಲ್ಲದೆ ಯಾರನ್ನೂ ಗುರುತಿಸುವಂತಿರಲಿಲ್ಲ. ಹಾಗಾಗಿ ಅಂಗಡಿ ಏರ್ಲಿಸ್, ಬೇಕರಿ ಏರ್ಲಿಸ್, ಸೇತುವೆ ಏರ್ಲಿಸ್. ಗಣಿಯ ಗ್ರಿಫಿತ್‌ನ ಮಗಳು ಮಾತ್ರ ಎರಡನೇ ಏರ್ಲಿಸ್.

ಮೊದಲನೆಯವಳು ಅವಳ ಅಕ್ಕ. ಮೂರು ವರ್ಷದ ಕೂಸು, ಗಂಟಲುಮಾರಿಯಲ್ಲಿ ತೀರಿಕೊಂಡಿತು. ಮರುವರ್ಷ ಹುಟ್ಟಿದ ಹೆಣ್ಣಿಗೆ ತಾಯಿ ಎಲಿನ್ ಅದೇ ಹೆಸರಿಟ್ಟಳು. ಯಾರೂ ತಪ್ಪೆನ್ನಲಿಲ್ಲ. ಹೋದ ಮಗುವಿನ ತೊಟ್ಟಿಲು, ಉಡುಪು ಮುಂದಿನ ಮಗುವಿಗೆ ಬಂದ ಹಾಗೆ ಹೆಸರೂ ಬರುವುದು ಹಿಂದಿನಿಂದ ಇದ್ದ ವಾಡಿಕೆ.

ಈಸ್ಟರಿಗೆ ಮುಂಚಿನ ಭಾನುವಾರ ನಮ್ಮಲ್ಲಿ ಹೂವಿನ ಭಾನುವಾರ. ಅದಕ್ಕೂ ಮೊದಲು ಮನೆಯವರ ಸಮಾಧಿಗಳನ್ನು ಉಜ್ಜಿ ತೊಳೆದಿರಬೇಕು. ಆ ದಿನ ಹೂವಿಡಬೇಕು. ಎಲಿನ್ ಬಕೆಟ್ಟು, ಬ್ರಷ್ಷು ಮಗಳ ಕೈಗೆ ಕೊಡುತ್ತಿದ್ದಳು. ಓದು ಬರುವ ಮೊದಲೇ ಹುಡುಗಿ ಕಪ್ಪು ಕಲ್ಲಿನ ಮೇಲಿನ ತನ್ನ ಹೆಸರಿನೊಳಗಿಂದ ಪಾಚಿ ಕೆರೆದು ತೆಗೆಯುವುದನ್ನು ಕಲಿತಳು.

“ಮೂಲೇಲಿ ಸರಿಯಾಗಿ ಉಜ್ಜು,” ಎನ್ನುತ್ತಿದ್ದಳು ತಾಯಿ. “ಏರ್ಲಿಸ್ ಇದ್ದಿದ್ರೆ ಹೇಳಿಸ್ಕೊಳ್ತಾ ಇರ್ಲಿಲ್ಲ.”

ಎರಡನೇ ಏರ್ಲಿಸ್ ಮದುವೆಯಾಗಲಿಲ್ಲ. ಶಾಲೆಯ ಅಡುಗೆಮನೆಯಲ್ಲಿ ಕೆಲಸಕ್ಕೆ ಸೇರಿದಳು. ನಾನೂ ಅವಳ ಜೊತೆ ಆಲೂಗಡ್ಡೆ ಸುಲಿದವಳೇ. ಬಡಿಸುವ ಕಿಟಕಿಯಾಚೆಯಿಂದ ಟೀಚರು ಹಾಜರಿ ಕರೆಯುವುದು ನಮಗೆ ಕೇಳಿಸುತ್ತಿತ್ತು. ಮೊದಮೊದಲು ನೆಸ್ತಾ, ಕೈನ್ವೆನ್, ಏರ್ಲಿಸ್. ಆಮೇಲೆ ಶಾನ್, ನಿಯಾ, ಬೆಥನ್. ಇನ್ನೂ ಆಮೇಲೆ ಫಿಯೋನ್, ಕೆರಿಸ್. ಕೊನೆಯ ಪುಟ್ಟ ಏರ್ಲಿಸ್ ಯಾವಾಗ ಶಾಲೆ ಬಿಟ್ಟಳೋ, ನಮ್ಮ ಗಮನಕ್ಕೇ ಬರಲಿಲ್ಲ.

“ನಮ್ಮ ಹೆಸರುಗಳೆಲ್ಲ ಮುದುಕೀರ ಹೆಸರಾದ್ವು ಕಣೆ,” ಎಂದೆ ಒಮ್ಮೆ.

“ಆಗ್ಲಿ ಬಿಡು ನೆಸ್ತಾ. ನಿಂದು ಹೆಂಗೋ ಗೊತ್ತಿಲ್ಲ, ನಂದಕ್ಕಂತೂ ಸುಸ್ತಾಗಿದೆ.”

ಅದೇ ಹೊತ್ತಿಗೆ, ನಾಳೆ ಮಳೆ ಬರಬಹುದು ಎನ್ನುವ ದನಿಯಲ್ಲಿ, ಕ್ಯಾರೆಟ್ ಹೆಚ್ಚುತ್ತಾ ತಾಯಿಯ ಕೊನೆಯ ದಿನದ ಮಾತು ಹೇಳಿದಳು. ಎಲಿನ್ “ಏರ್ಲಿಸ್” ಎಂದು ಕರೆದಳಂತೆ. ಇವಳು ಓಡಿಹೋಗಿ ಕೈ ಹಿಡಿದಳಂತೆ. ತಾಯಿ ಕಣ್ಣು ತೆರೆದು ನೋಡಿ, “ನೀನಲ್ಲ,” ಎಂದಳಂತೆ.

ಏರ್ಲಿಸ್‌ಗೆ ಎಪ್ಪತ್ತರ ಹತ್ತಿರವಾದಾಗ ಅವಳ ತಮ್ಮ ಇದ್ವಾಲ್‌ನ ಮಗಳು ಲೌರಿ ತಡವಾಗಿ ಬಸುರಿಯಾದಳು. ಒಂದು ಮಧ್ಯಾಹ್ನ ಲೌರಿ ಚಹಾಕ್ಕೆ ಬಂದಳು. ನಾನೂ ಅಲ್ಲಿದ್ದೆ. ಒಣದ್ರಾಕ್ಷಿ ಹಾಕಿದ ರೊಟ್ಟಿಗೆ ಬೆಣ್ಣೆ ಸವರುತ್ತಾ ಅವಳು ಹೇಳಿದಳು: “ಅತ್ತೆ, ಹೆಣ್ಣಂತೆ. ಏರ್ಲಿಸ್ ಅಂತ ಇಡ್ತೀನಿ.”

“ಈಗ ಯಾರೇ ಇಡ್ತಾರೆ ಆ ಹೆಸರು? ಮಕ್ಕಳು ನಗಲ್ವಾ?”

“ಹಳೇ ಹೆಸರುಗಳೇ ಮತ್ತೆ ಬರ್ತಾ ಇರೋದು. ನೀವೇ ಈಗ ಫ್ಯಾಷನ್ನು.”

ಏರ್ಲಿಸ್ ಚಹಾದ ಪಾತ್ರೆ ಕೆಳಗಿಟ್ಟಳು. “ಯಾರ ಹೆಸರು ಅಂತ ಮಗು ಕೇಳಿದ್ರೆ?”

“ನಿಮ್ದು ಅಂತೀನಿ. ಇನ್ಯಾರದು?”

ಏರ್ಲಿಸ್‌ಳ ಕೆನ್ನೆಗೆ ರಂಗು ಬಂದದ್ದನ್ನು ನಾನು ನೋಡಿದೆ. ಇಷ್ಟು ವರ್ಷಗಳ ಸ್ನೇಹದಲ್ಲಿ ಅಂಥ ಮುಖವನ್ನು ಕಂಡಿರಲಿಲ್ಲ. ಒಮ್ಮೆಯಾದರೂ ಮೊದಲನೆಯವಳಾಗುವುದು, ತನ್ನಿಂದ ಹೊರಟ ಹೆಸರೊಂದು ಓಣಿಯಲ್ಲಿ ಓಡಾಡುವುದು. ಅವಳು ಏಪ್ರನ್ನಿನ ಅಂಚನ್ನು ಬೆರಳಿಗೆ ಸುತ್ತಿಕೊಂಡಳು. ನಂತರ, “ಬೇಡ ಲೌರಿ,” ಎಂದಳು.

“ಯಾಕೆ?”

“ಸಮಾಧಿಲಿ ಒಬ್ಬಳು ಏರ್ಲಿಸ್ ಇದಾಳೆ. ಇನ್ನು ಸ್ವಲ್ಪ ದಿನಕ್ಕೆ ಅವಳ ಪಕ್ಕ ನಾನು. ನಿನ್ನ ಮಗು ಬ್ರಷ್ ಹಿಡ್ಕೊಂಡು ಬಂದು ತನ್ನ ಹೆಸರನ್ನ ಎರಡೆರಡು ಸಲ ಉಜ್ಜಬೇಕಾ?”

“ನಾನೇನು ಅಜ್ಜಿ ಥರ ಅವಳನ್ನ ಗೋಳುಹೊಯ್ಕೊಳ್ತೀನಾ?”

“ನಿಮ್ಮಜ್ಜಿನೂ ಬೇಕು ಅಂತ ಮಾಡ್ಲಿಲ್ಲ ಕಣೆ. ನಾನು ಸತ್ತಾಗ ನೀನು ಅಳ್ತೀಯ. ಆಮೇಲೆ ಅವಳನ್ನ ಕರೆದಾಗೆಲ್ಲ ನಿಂಗೆ ನಾನು ನೆನಪಾಗ್ತೀನಿ. ಮಕ್ಕಳಿಗೆ ಅದು ಗೊತ್ತಾಗತ್ತೆ.”

“ಪ್ರೀತಿಯಿಂದ ಕೊಟ್ಟಿದ್ದನ್ನ ಮುಖಕ್ಕೇ ಎಸೆದ್ರಲ್ಲ,” ಎಂದು ಲೌರಿ ಎದ್ದು ಕೋಟು ಹಾಕಿಕೊಂಡಳು. ತಟ್ಟೆಯಲ್ಲಿ ಅರ್ಧ ರೊಟ್ಟಿ ಹಾಗೇ ಉಳಿಯಿತು.

ಮಗು ಹುಟ್ಟಿದ ಮೇಲೆ ನಾವಿಬ್ಬರೂ ಬಸ್ಸಿನಲ್ಲಿ ನೋಡಲು ಹೋದೆವು. ಲೌರಿ ಒಳಗೆ ಕರೆದಳು, ಚಹಾ ಕೊಟ್ಟಳು, ಹತ್ತಿರ ಕೂರಲಿಲ್ಲ. ಮಗುವಿನ ಹೆಸರು ಅಲಾವ್ ಎಂದಳು. ರಾಗ ಎಂದು ಅದರ ಅರ್ಥ.

“ನಮ್ಮ ಕಡೆಯವರಲ್ಲಿ ಯಾರೂ ಇಲ್ಲ ಅಲ್ವಾ ಈ ಹೆಸರಿನವರು?” ಕೇಳಿದಳು ಏರ್ಲಿಸ್.

“ಇಲ್ಲ ಅತ್ತೆ.”

“ಹೋದವರಲ್ಲಿ?”

“ಯಾರೂ ಇಲ್ಲ. ಹೊಚ್ಚ ಹೊಸದು.”

ಬೆಂಕಿಯ ಪಕ್ಕ ಕೂತಿದ್ದ ಇದ್ವಾಲ್ ತಲೆ ಎತ್ತದೆ, “ನಮ್ಮನೇಲಿ ಇನ್ಮೇಲೆ ಏರ್ಲಿಸ್ ಅನ್ನೋರು ಇರಲ್ಲ. ನೀನು ಬಯಸಿದ ಹಾಗೇ ಆಯ್ತಲ್ಲಕ್ಕ,” ಎಂದ.

ಏರ್ಲಿಸ್ ಮಗುವಿನ ಹೊದಿಕೆ ಸರಿಪಡಿಸಿದಳು. ಮಗು ಅವಳ ತೊಡೆಯ ಮೇಲೆ ಮಲಗಿ, ಯಾರದೂ ಅಲ್ಲದ ಮುಖದಿಂದ ಆಕಳಿಸಿತು. ಸ್ವಲ್ಪ ಹೊತ್ತಿಗೆ ಲೌರಿ ಬಂದು, “ಹಾಲು ಕುಡಿಯೋ ಹೊತ್ತು,” ಎಂದು ಎತ್ತಿಕೊಂಡಳು. ನಾವು ಹೊರಡುವವರೆಗೂ ಮತ್ತೆ ಕೊಡಲಿಲ್ಲ.

ಬಸ್ಸಿನಲ್ಲಿ ಏರ್ಲಿಸ್ ಕಿಟಕಿಯ ಕಡೆ ಕೂತಳು. ಗಣಿಯ ಕಲ್ಲುರಾಶಿಗಳು ಒದ್ದೆಯಾಗಿ ಹಿಂದೆ ಸರಿಯುತ್ತಿದ್ದವು.

“ನೀನು ಮಾಡಿದ್ದೇ ಸರಿ,” ಎಂದೆ.

“ಸರಿ ಅಂತ ನಂಗೂ ಗೊತ್ತು.” ಕೈಚೀಲದ ಹಿಡಿಯನ್ನು ಬಿಗಿಹಿಡಿದಿದ್ದಳು. ಸೇತುವೆ ದಾಟಿದ ಮೇಲೆ ಮತ್ತೆ ಮಾತಾಡಿದಳು, ನನ್ನ ಕಡೆ ತಿರುಗದೆ.

“ಅವಳು ಇನ್ನೊಂದೇ ಒಂದ್ಸಲ ಕೇಳಿದ್ದಿದ್ರೆ ಹೂಂ ಅಂದ್ಬಿಡ್ತಿದ್ದೆ, ನೆಸ್ತಾ.”