ದಾರಿಗಳ್ಳನಿಗೆ ಒಂದು ಗಂಟಲು

ಕರೆಂಟ್ ಹೋಗಬಹುದಿತ್ತು. ನಾವು ರೆಕಾರ್ಡಿಂಗಿಗೆ ಕೂತ ಹೊತ್ತಿಗೇ ಕೆಳಗಿನ ಟೈಲರ್ ಅಂಗಡಿಯವರು ಮದುವೆ ಬ್ಲೌಸುಗಳ ರಾಶಿ ತೆಗೆದು ನಾಲ್ಕೂ ಮಷೀನು ತುಳಿಯಬಹುದಿತ್ತು. ಬೀದಿಯಲ್ಲಿ ಸಾವಿನ ತಮಟೆ ಬರಬಹುದಿತ್ತು. ಗುಂಡ್ಲುಪೇಟೆಯಿಂದ ಬರಬೇಕಾದ ಬಸ್ಸು ತೆರಕಣಾಂಬಿಯಲ್ಲಿ ಕೆಟ್ಟು ನಿಲ್ಲಬಹುದಿತ್ತು. ಕಂಪ್ಯೂಟರು ಎಲ್ಲವನ್ನೂ ರೆಕಾರ್ಡ್ ಮಾಡಿಕೊಂಡಂತೆ ನಟಿಸಿ ಕೊನೆಗೆ ಖಾಲಿ ಫೈಲು ತೋರಿಸಬಹುದಿತ್ತು. ದನಿ ಕೊಡಲು ಬರುತ್ತಿದ್ದ ಮಾದೇವಣ್ಣನವರ ಗಂಟಲು ಅರ್ಧದಲ್ಲಿ ಕೈಕೊಡಬಹುದಿತ್ತು, ಅದಕ್ಕೆ ನಾನೇ ಕಾರಣ ಎಂದು ಅವರ ಮಗಳು ಜನ್ಮವಿಡೀ ನನ್ನನ್ನು ಶಪಿಸಬಹುದಿತ್ತು.

ಇಷ್ಟನ್ನೂ ನಾನು ಮುಂಚೆಯೇ ಕೂತು ಯೋಚಿಸಿಟ್ಟಿದ್ದೆ. ಯೋಚಿಸಿಟ್ಟದ್ದು ಆಗುವುದಿಲ್ಲ ಎಂಬುದು ನನ್ನ ನಂಬಿಕೆ. ಆದ್ದರಿಂದ ಯಾವುದನ್ನೂ ಬಿಡದೆ ಯೋಚಿಸುವುದು ನನ್ನ ಕರ್ತವ್ಯ. ಮನೆಯವರು ಇದನ್ನು ಕಾಯಿಲೆ ಅನ್ನುತ್ತಾರೆ.

ಇದು ಮೂರು ವರ್ಷದ ಹಿಂದಿನ ಮಾತು. ಆಗ ನಾನು ಚಾಮರಾಜನಗರದ ನಮ್ಮ ಮನೆಯಿಂದಲೇ ಒಂದು ವಿಡಿಯೊ ಗೇಮ್ ಕಂಪನಿಗೆ ಲೋಕಲೈಸೇಶನ್ ಎಡಿಟರ್ ಆಗಿ ಕೆಲಸ ಮಾಡುತ್ತಿದ್ದೆ. ಬೇರೆ ಭಾಷೆಯಲ್ಲಿ ತಯಾರಾದ ಆಟ ಕನ್ನಡದಲ್ಲಿ ಮಾತಾಡುವ ಹಾಗೆ ಮಾಡುವುದೇ ಲೋಕಲೈಸೇಶನ್. ಅದಕ್ಕೂ ಮುಂಚೆ ಎಷ್ಟೋ ವರ್ಷ ಪಠ್ಯಪುಸ್ತಕಗಳ ಕರಡು ತಿದ್ದಿದವಳು ನಾನು. ಐವತ್ತು ದಾಟಿದ್ದ ನಾನು ಅಲ್ಲಿಯವರೆಗೆ ಆಡಿದ್ದ ಅತಿ ದೊಡ್ಡ ಆಟ ಚೌಕಾಬಾರ. ಅದರಲ್ಲೂ ಕಾಯಿ ಹೊಡೆಯುವಾಗ ಎದುರಿನವರಿಗೆ ಬೇಜಾರಾಗುತ್ತದೇನೋ ಎಂದು ಚಿಂತಿಸಿ ಸೋಲುತ್ತಿದ್ದೆ.

ಕಂಪನಿ ಕೊಟ್ಟದ್ದು ಮಧ್ಯಯುಗದ ಕಥೆಯಿರುವ ಒಂದು ರೋಲ್ ಪ್ಲೇಯಿಂಗ್ ಗೇಮ್. ಆಡುವವರು ಗಂಡೋ ಹೆಣ್ಣೋ ಒಂದು ಪಾತ್ರ ಆರಿಸಿಕೊಂಡು ಕೋಟೆ, ಸಂತೆ, ಕಾಡುಗಳಲ್ಲಿ ತಿರುಗಬೇಕು. ಎದುರು ಸಿಕ್ಕ ಪಾತ್ರಗಳ ಜೊತೆ ಮಾತಾಡಬಹುದು, ಜಗಳವಾಡಬಹುದು. ಕಾಡುದಾರಿಯ ತಿರುವಿನಲ್ಲಿ ಒಬ್ಬ ದಾರಿಗಳ್ಳನಿದ್ದ. ಕನ್ನಡದಲ್ಲಿ ಅವನಿಗೆ ಕೆಂಚ ಎಂದು ಹೆಸರಿಟ್ಟೆ. ಅವನನ್ನು ಕೊಂದು ಮುಂದೆ ಹೋಗಬಹುದು, ಗಂಟು ಒಪ್ಪಿಸಿ ಹೋಗಬಹುದು, ಮಾತಾಡಿ ಒಲಿಸಿಕೊಂಡೂ ಹೋಗಬಹುದು. ಹೇಗೆ ಹೋದರೂ ಆ ತಿರುವು ದಾಟಿದ ಮೇಲೆ ಅವನು ಮತ್ತೆ ಸಿಗುವುದಿಲ್ಲ. ದಾಟದೆ ಅಲ್ಲೇ ನಿಂತರೆ ಮಾತ್ರ ಕೆಲವು ಚಿಕ್ಕ ಮಾತುಗಳನ್ನು ಮತ್ತೆ ಮತ್ತೆ ಆಡುತ್ತಿರುತ್ತಾನೆ. ಅಂಥವಕ್ಕೆ ನಮ್ಮ ಕಸುಬಿನಲ್ಲಿ ಬಾರ್ಕ್ ಎನ್ನುತ್ತಾರೆ. ಬೊಗಳು ಎಂದೇ ಅರ್ಥ. ನಾನು ಇಟ್ಟ ಹೆಸರಲ್ಲ.

ಉಳಿದ ದನಿಗಳೆಲ್ಲ ಸುಲಭವಾಗಿ ಸಿಕ್ಕವು. ಕೆಂಚನ ದನಿ ಸಿಗಲಿಲ್ಲ. ನಾಟಕದಲ್ಲಿ ಪಳಗಿದವರನ್ನು ಕರೆಸಿದರೆ ಎಲ್ಲರೂ ರಕ್ಕಸನಂತೆ ನಕ್ಕು ಮಾತು ಶುರು ಮಾಡುತ್ತಿದ್ದರು. ಕಾಡಿನಲ್ಲಿ ಬಂದೂಕು ಹಿಡಿದು ತಿರುಗಿದವರ ಕಾಲ ನಮ್ಮ ಸೀಮೆಯಲ್ಲಿ ನಲವತ್ತು ದಾಟಿದ ಎಲ್ಲರಿಗೂ ನೆನಪಿದೆ. ಸಂಜೆಯಾಗುವ ಮುಂಚೆ ಬಸ್ಸುಗಳು ಖಾಲಿಯಾಗುತ್ತಿದ್ದುದು, ಹೆಸರು ಹೇಳದೆ ‘ಅವರು’ ಎಂದಷ್ಟೇ ಪಿಸುಗುಟ್ಟುತ್ತಿದ್ದುದು, ಎಲ್ಲ ನೆನಪಿದೆ. ಹೀಗೆ ನಗುವ ಕಳ್ಳನನ್ನು ಇಲ್ಲಿಯವರು ನಂಬುವುದಿಲ್ಲ ಎಂದು ನಾನು ಕಂಗಾಲಾಗಿದ್ದೆ.

ಆಗ ಬಂದವಳು ಭಾಗ್ಯ. ಹಂಗಳದ ಹುಡುಗಿ, ತೆರಕಣಾಂಬಿಯಲ್ಲಿ ಶಿಶುವಿಹಾರದ ಟೀಚರು. ಯಾರಿಂದಲೋ ವಿಷಯ ಕೇಳಿ ನೇರ ನಮ್ಮ ಮನೆಗೇ ಬಂದಿದ್ದಳು.

“ನಮ್ಮಪ್ಪ ಗುಂಡ್ಲುಪೇಟೆ ತರಕಾರಿ ಮಾರ್ಕೆಟ್ಟಲ್ಲಿ ಅರಾಜು ಕೂಗೋರು ಮೇಡಂ. ಅವರು ಟಮೊಟ ಕೂಗುದ್ರೆ ಆಚೆ ರೋಡಲ್ಲಿ ಲಾರಿಯೋರು ಬ್ರೇಕ್ ಆಕೋರು.”

“ಈಗಲೂ ಕೂಗ್ತಾರಾ?”

ಅವಳು ತನ್ನ ಕೊರಳು ಮುಟ್ಟಿ ತೋರಿಸಿದಳು. “ಗಂಟಲಲ್ಲಿ ಗಡ್ಡೆ. ಆಪರೇಶನ್ ಆಯ್ತದೆ ಮೈಸೂರಲ್ಲಿ. ಮಾತಿನ ಪೆಟ್ಟಿಗೇನೇ ತಗೀತಾರಂತೆ. ಆಮೇಲೆ ದನಿ ಇರಲ್ಲ. ಫೋನಲ್ಲಿ ಇಡ್ದಿಟ್ಕೊಳನ ಅಂದ್ರೆ, ಫೋನ್ ಮುಂದ್ ಇಡುದ್ ತಕ್ಷಣ ಅಪ್ಪ ಕಲ್ಲಾಗೋಯ್ತಾರೆ. ಅಲೋ ಅಲೋ ಅಂತಾರೆ, ಅಷ್ಟೇಯ. ಯಾರಾದ್ರೂ ಬರ್ದ್ಕೊಟ್ಟಿದ್ದಾದ್ರೆ ಆಡಬೋದೇನೊ ಅಂತ ಬಂದೆ.”

ನನಗೆ ಬೇಕಿದ್ದದ್ದು ಒಬ್ಬ ಕಳ್ಳ. ಅವಳಿಗೆ ಬೇಕಿದ್ದದ್ದು ಅವಳಪ್ಪ. ಒಂದೇ ಮೈಕಿನಲ್ಲಿ ಎರಡೂ ಆಗುತ್ತದೆಯೇ ಎಂದು ಕೇಳಿಕೊಳ್ಳಬೇಕಿತ್ತು. ನಾನು ಕೇಳಿದ್ದು ಡಾಕ್ಟರ ಅನುಮತಿ. ಕೂಗದೆ ಮೆಲ್ಲಗೆ ಮಾತಾಡಿದರೆ ತೊಂದರೆಯಿಲ್ಲ ಎಂದು ಡಾಕ್ಟರು ಹೇಳಿದ್ದರು. ಆದರೂ ಆ ಡಾಕ್ಟರಿಗೆ ನಾನೇ ಎರಡು ಸಲ ಫೋನ್ ಮಾಡಿದೆ. ಎರಡನೆಯ ಸಲ ಅವರು, “ನೀವು ಪೇಶೆಂಟಾ?” ಎಂದು ಕೇಳಿದರು.

ರೆಕಾರ್ಡಿಂಗ್ ನಡೆದದ್ದು ಚಾಮರಾಜನಗರದ ಬಸ್ ನಿಲ್ದಾಣದ ಹಿಂದೆ, ಟೈಲರ್ ಅಂಗಡಿಯ ಮೇಲಿನ ಕೋಣೆಯಲ್ಲಿ. ಆಟೊಗಳಲ್ಲಿ ಕೂಗಿಸುವ ಪ್ರಚಾರದ ಮಾತುಗಳನ್ನು ರೆಕಾರ್ಡ್ ಮಾಡಿಕೊಡುವ ನಯಾಜ್ ಅವರ ಕೋಣೆ ಅದು. ಗೋಡೆಗೆ ಹಳೆಯ ಹಾಸಿಗೆಗಳನ್ನು ಹೊಡೆದಿದ್ದರು. ಮಾದೇವಣ್ಣ ಒಳಗೆ ಬಂದು ಸುತ್ತ ನೋಡಿದರು.

“ಇದೇನ್ ಸಾಯ್ಬ್ರೆ, ಆಸ್ಗೆನೆಲ್ಲ ಗ್ವಾಡೆಗ್ ಒಡ್ದಿದ್ದೀರಿ? ಮಲಿಕ್ಕಳದು ನಿಂತ್ಕಂಡಾ?”

“ನಿಮ್ಮ ಕಳ್ಳ ತಪ್ಪಿಸ್ಕೊಂಡು ಓಡಿದ್ರೆ ಪೆಟ್ಟಾಗಬಾರದಲ್ಲ ಮಾದೇವಣ್ಣ, ಅದಕ್ಕೆ,” ಎಂದರು ನಯಾಜ್.

ಉದ್ದನೆಯ, ಬಡಕಲು ಮನುಷ್ಯ ಮಾದೇವಣ್ಣ. ಕೊರಳಿಗೆ ಟವೆಲು ಸುತ್ತಿದ್ದರು. ಲಾರಿ ನಿಲ್ಲಿಸುತ್ತಿದ್ದ ದನಿ ಆಗಲೇ ಹೋಗಿತ್ತು. ಉಳಿದದ್ದು ಒಣಗಿದ ತರಗೆಲೆಯ ಮೇಲೆ ಯಾರೋ ನಡೆದಂತಹ ಸದ್ದು, ಅದರೊಳಗೆ ಮಾತು. ಭಾಗ್ಯ ನೀರಿನ ಬಾಟಲಿ ಹಿಡಿದು ಬಾಗಿಲ ಬಳಿ ಕೂತಳು.

ನನ್ನ ಹಾಳೆಯಲ್ಲಿ ಮೊದಲ ಸಾಲು ಹೀಗಿತ್ತು: ‘ಯಾರದು? ನಿಲ್ಲು. ಗಂಟನ್ನು ಕೆಳಗಿಡು.’ ಮಾದೇವಣ್ಣ ಅದನ್ನು ಶಾಲೆಯ ಮಗುವಿನಂತೆ ಅಕ್ಷರ ಅಕ್ಷರ ಓದಿದರು. ಎರಡನೆಯ ಸಲವೂ ಹಾಗೇ. ಮೂರನೆಯ ಸಲ ಹಾಳೆಯಿಂದ ತಲೆ ಎತ್ತಿದರು.

“ಇವ ಕಳ್ಳನೋ ಮೇಷ್ಟ್ರೋ ಮೇಡಮ್ಮ? ಗಂಟನ್ನು ಅಂತವ್ನೆ.”

“ನೀವಾಗಿದ್ದರೆ ಹೇಗನ್ನುತ್ತಿದ್ದಿರಿ?”

ಅವರು ಕಣ್ಣು ಮುಚ್ಚಿ ಮೈಕಿನ ಹತ್ತಿರ ಬಂದು ಮೆಲ್ಲಗೆ ಅಂದರು: “ಯಾರ್ಲಾ ಅದು? ನಿಂತ್ಕೊ. ಗಂಟ್ ಕೆಳಗಿಡ್ಲಾ.”

ನಯಾಜ್ ಕೈಯಲ್ಲಿದ್ದ ಚಹಾ ಲೋಟವನ್ನು ಕೆಳಗಿಟ್ಟರು. ಯಾಕೆ ಇಟ್ಟರೆಂದು ಅವರಿಗೇ ಗೊತ್ತಾಗಲಿಲ್ಲ. ನನ್ನ ಕೈಯಲ್ಲೂ ಏನಾದರೂ ಇದ್ದಿದ್ದರೆ ಇಡುತ್ತಿದ್ದೆ.

ಆಮೇಲೆ ನನ್ನ ಹಾಳೆ ಬರಿಯ ಸುಳಿವಾಯಿತು. ನಾನು ಸಾಲು ಓದುವುದು, ಅವರು ತಮ್ಮ ಮಾತಿಗೆ ತಿರುಗಿಸುವುದು. ‘ಚಳಿ ಹೆಚ್ಚಾಗಿದೆ, ಬೆಂಕಿಯ ಬಳಿ ಬಾ’ ಎಂಬ ಬಾರ್ಕ್ “ಸಳಿ ಕಣ್ಲಾ, ಬೆಂಕಿ ತಾವ್ ಬಾ” ಆಯಿತು. ‘ನಿನ್ನನ್ನು ಹೋಗಗೊಡುತ್ತೇನೆ’ ಎನ್ನುವುದು “ಬುಟ್ಟಿವ್ನಿ ಕಣ್ಲಾ, ನಡಿ” ಆಯಿತು. ನಡುನಡುವೆ ಅವರು ಮಗಳ ಕಡೆ ಕೈ ಚಾಚಿ, “ನೀರ್ ಕೊಡಮ್ಮಿ,” “ಸೆಕೆ ಆಯ್ತದಾ ಅಮ್ಮಿ, ಆಚೆ ಕುಂತ್ಕೊ,” ಎನ್ನುತ್ತಿದ್ದರು. ಹೀಗೆ ನಡುವೆ ಆಡಿದ ಮಾತು, ಕೆಮ್ಮು, ನೀರು ನುಂಗಿದ ಸದ್ದು ಎಲ್ಲವನ್ನೂ ಆಮೇಲೆ ಕತ್ತರಿಸಿ ತೆಗೆಯುವುದು ಪದ್ಧತಿ. ಫೈಲು ಚೊಕ್ಕಟವಾಗಿರಬೇಕು.

ಇಲ್ಲೊಂದು ಮಾತು ಹೇಳಬೇಕು. ಹಿಂದಿ ತಂಡದವರು ಎಲ್ಲ ಸಾಲುಗಳನ್ನೂ ಎರಡೆರಡು ಸಲ ರೆಕಾರ್ಡ್ ಮಾಡುತ್ತಿದ್ದರು. ಆಡುವವರು ಗಂಡಾದರೆ ಒಂದು, ಹೆಣ್ಣಾದರೆ ಇನ್ನೊಂದು. ಅವರ ಕ್ರಿಯಾಪದಕ್ಕೆ ಲಿಂಗವಿದೆ. ಕನ್ನಡಕ್ಕೆ ಎಷ್ಟು ದಿನ ಬೇಕು ಎಂದು ಕಂಪನಿ ಕೇಳಿದಾಗ, ‘ನೀನು ಬಂದೆ ಎನ್ನುವುದು ನಮ್ಮಲ್ಲಿ ಗಂಡಿಗೂ ಹೆಣ್ಣಿಗೂ ಒಂದೇ. ಒಂದು ಸಲ ಸಾಕು’ ಎಂದು ಸ್ವಲ್ಪ ಜಂಬದಿಂದಲೇ ಬರೆದಿದ್ದೆ. ಕರಡು ತಿದ್ದಿದವಳ ಜಂಬ. ವ್ಯಾಕರಣದಲ್ಲಿ ನಾನು ಹೇಳಿದ್ದು ಸರಿಯಾಗಿಯೇ ಇತ್ತು.

ಕರೆಂಟ್ ಹೋಗಲಿಲ್ಲ. ತಮಟೆ ಬರಲಿಲ್ಲ. ಟೈಲರ್ ಅಂಗಡಿಗೆ ಅವತ್ತು ರಜೆ. ಕೆಲಸ ಮುಗಿದಾಗ ಮಾದೇವಣ್ಣ ಮೈಕನ್ನು ಒಮ್ಮೆ ಮುಟ್ಟಿ, “ಇಟ್ಕೊಂಡಿರಪ್ಪ, ಉಸಾರು,” ಎಂದರು. ನಯಾಜ್‌ಗೆ ಹೇಳಿದರೋ ಮೈಕಿಗೆ ಹೇಳಿದರೋ ಗೊತ್ತಾಗಲಿಲ್ಲ. ಮುಂದಿನ ವಾರ ಆಪರೇಶನ್ ಆಯಿತು.

ಅವರು ಇನ್ನೂ ಆಸ್ಪತ್ರೆಯಲ್ಲಿದ್ದಾಗಲೇ ಕಂಪನಿಯಿಂದ ಮೇಲ್ ಬಂತು. ಕೆಂಚನ ದನಿ ಕಾಯಿಲೆಯವರ ದನಿಯಂತಿದೆ, ಬೇರೆಯವರಿಂದ ಮಾಡಿಸಿ ಎಂದು. ಸಿಲಿಂಡರ್ ತಂದವನು ತಪ್ಪು ಮನೆಗೆ ಇಳಿಸಿದರೂ ನಾನೇ ಸಾರಿ ಕೇಳುವವಳು. ಆದರೂ ಫೋನೆತ್ತಿ ಉಸ್ತುವಾರಿಯವರಿಗೆ ಮಾಡಿದೆ.

“ಕಾಯಿಲೆಯ ದನಿಯೇ ಸರ್. ಕೆಂಚ ಎಷ್ಟು ವರ್ಷದಿಂದ ಕಾಡಿನಲ್ಲಿ ಹೊಗೆ ಕುಡಿದು ಮಂಜಲ್ಲಿ ಮಲಗಿದ್ದಾನೆ? ಅವನಿಗೆ ಆರೋಗ್ಯವಾದ ಗಂಟಲು ಎಲ್ಲಿಂದ ಬರಬೇಕು?”

“ಅದೇ ಮನುಷ್ಯರಿಂದ ಇನ್ನೊಂದು ಸಲ ಮಾಡಿಸಲು ಆಗುತ್ತದೆಯೇ?”

“ಇಲ್ಲ.”

“ಯಾಕೆ?”

“ಆ ದನಿ ಈಗ ನಿಮ್ಮ ಹತ್ತಿರ ಬಿಟ್ಟರೆ ಬೇರೆಲ್ಲೂ ಇಲ್ಲ.”

ಟೆಸ್ಟರ್‌ಗಳು ಹೇಳಲಿ, ನೋಡೋಣ ಎಂದರು. ಆಟ ಮಾರಾಟಕ್ಕೆ ಬರುವ ಮುಂಚೆ ಆಡಿ ತಪ್ಪು ಹುಡುಕುವವರೇ ಟೆಸ್ಟರ್‌ಗಳು. ಅವರಲ್ಲಿ ಒಬ್ಬಾಕೆ ದಾರಿಯಲ್ಲಿ ಸಿಕ್ಕ ಕೋಳಿಯನ್ನೂ ಬಿಡದೆ ಕತ್ತರಿಸುವವಳೆಂದು ಹೆಸರಾಗಿದ್ದಳು. ಅವಳ ಷರಾ ನನಗೆ ಕಳಿಸಿದರು: ‘ಕೆಂಚನನ್ನು ಹೊಡೆಯಲು ಆಗಲಿಲ್ಲ. ಗಂಟು ಇಟ್ಟುಬಿಟ್ಟೆ. ಆಮೇಲೂ ಹಿಂದೆ ಯಾರೋ ಇದ್ದಾರೆ ಅನ್ನಿಸುತ್ತಿತ್ತು. ಇದು ತಪ್ಪೋ ಅಲ್ಲವೋ ಗೊತ್ತಿಲ್ಲ.’ ದನಿ ಉಳಿಯಿತು.

ಆಟ ಹೊರಬಂದ ಮೇಲೆ ಒಂದು ಮಧ್ಯಾಹ್ನ ನಾನು ಹಂಗಳಕ್ಕೆ ಹೋದೆ. ಭಾಗ್ಯಳ ಮನೆಯ ಜಗಲಿಯಲ್ಲಿ ಮಾದೇವಣ್ಣ ಅವರೆಕಾಯಿ ಸುಲಿಯುತ್ತಿದ್ದರು. ಕೊರಳಲ್ಲಿ ಉಸಿರಾಟಕ್ಕೆ ಮಾಡಿದ ತೂತು, ಅದರ ಮೇಲೆ ತೆಳುವಾದ ಬಿಳಿ ಬಟ್ಟೆ. ನನ್ನನ್ನು ನೋಡಿ ಕೈ ಎತ್ತಿದರು. ನಾನು ಚಪ್ಪಲಿ ಬಿಟ್ಟು ಹೊಸಿಲಿಗೆ ಕಾಲಿಟ್ಟೆ.

“ಯಾರ್ಲಾ ಅದು? ನಿಂತ್ಕೊ.”

ನಿಂತೆ. ಆ ದನಿಯವರು ನನ್ನ ಬೆನ್ನ ಹಿಂದೆ, ಬಾಯಿ ಮುಚ್ಚಿ ಕೂತಿದ್ದರು. ದನಿ ಕತ್ತಲೆಯಿದ್ದ ಒಳಮನೆಯಿಂದ ಬಂದಿತ್ತು. ತಿರುಗಿ ನೋಡಿದರೆ ಮಾದೇವಣ್ಣನವರ ಹೆಗಲು ಕುಣಿಯುತ್ತಿತ್ತು. ನಗುತ್ತಿದ್ದರು, ಸದ್ದಿಲ್ಲದೆ.

“ಬಾ ಕಣವ್ವ ಒಳಿಕೆ,” ಎಂದರು ಅವರ ಹೆಂಡತಿ ನಿಂಗಮ್ಮ. “ಆಲಿನೋನು ಇಂಗೇ ಎದ್ರಿ ಕ್ಯಾನ್ ಬುಟ್ಟು ಓಡೋದ. ಮಾತಿದ್ದಾಗ ಒಬ್ಬುನ್ನೂ ನಿಲ್ಲು ಅಂದೋರಲ್ಲ. ಈಗ ಊರ್‌ನೆಲ್ಲ ನಿಲ್ಲುಸ್ತವ್ರೆ.”

ಒಳಗೆ ಭಾಗ್ಯ ಟಿವಿಯ ಮುಂದೆ ಕೂತಿದ್ದಳು. ಪರದೆಯ ಮೇಲೆ ಅವಳ ಪಾತ್ರ: ಹಸಿರು ಹೊದಿಕೆ, ಉದ್ದ ಜಡೆ, ಬೆನ್ನಿಗೆ ಬಿಲ್ಲು. ಎದುರಿಗೆ ಕಾಡಿನ ತಿರುವು, ಬೆಂಕಿಯ ಪಕ್ಕ ಕೆಂಚ. ಅವಳು ಎರಡು ಹೆಜ್ಜೆ ಮುಂದಿಟ್ಟು ಮತ್ತೆ ಹಿಂದಕ್ಕೆ ಬಂದಳು.

“ಎಲ್ಲಿಯವರೆಗೆ ಆಡಿದೆ?” ಎಂದು ಕೇಳಿದೆ.

“ಇಲ್ಲಿಗಂಟ. ದಾಟ್ಬುಟ್ರೆ ಮತ್ತೆ ಸಿಕ್ಕಲ್ಲ ಅಂದಿದ್ರಲ್ಲ ಮೇಡಂ.”

“ಇಷ್ಟು ದಿನದಿಂದ ಇಲ್ಲೇ ಇದ್ದೀಯಾ?”

“ಇಸ್ಕೂಲಿಂದ ಬಂದ್ಬುಟ್ಟು ದಿನಾ ಒಂದ್ಗಳಿಗೆ ಬತ್ತೀನಿ. ಅಪ್ಪ ಏನೇನ್ ಅಂತಾರೋ ಕೇಳ್ಕೊಂಡು ಓಯ್ತೀನಿ.”

ಕೆಂಚ ಬೆಂಕಿಯ ಕಡೆ ತಿರುಗಿ ಅಂದ: “ಸಳಿ ಕಣ್ಲಾ, ಬೆಂಕಿ ತಾವ್ ಬಾ.”

ಭಾಗ್ಯ ಪರದೆಯಿಂದ ಕಣ್ಣು ತೆಗೆಯದೆ ಕೇಳಿದಳು, ದೂರಿನಂತಲ್ಲ, ಆಟದ ಬಗ್ಗೆ ಒಂದು ಸಣ್ಣ ಸಂಶಯದಂತೆ: “ಮೇಡಂ, ಇವಳು ಎಣ್ಣು ಅಂತ ಅವರಿಗ್ ತಿಳಿಯಲ್ವಾ?”

ಆಗ ನನಗೆ ಕೇಳಿಸಿತು. ಈ ಸೀಮೆಯಲ್ಲಿ ಹುಡುಗಿಯನ್ನು ಯಾರೂ ‘ಲಾ’ ಎನ್ನುವುದಿಲ್ಲ, ‘ಅಮ್ಮಿ’ ಎನ್ನುತ್ತಾರೆ. ಹಾಳೆಯಲ್ಲಿದ್ದ ಪುಸ್ತಕದ ಕನ್ನಡಕ್ಕೆ ಒಂದು ಸಲ ಸಾಕಿತ್ತು. ಅದನ್ನು ಬಿಟ್ಟು ನಾವು ಮಾದೇವಣ್ಣನವರ ಬಾಯಿಮಾತಿಗೆ ಹೋದೆವು. ಆ ಮಾತಿಗೆ ಎರಡು ಸಲ ಬೇಕಿತ್ತು. ಬಾಗಿಲ ಬಳಿ ನೀರು ಹಿಡಿದು ಕೂತವಳಿಗೆ ಅವರು ಅವತ್ತೆಲ್ಲ ಹೇಳುತ್ತಲೇ ಇದ್ದ ಆ ಇನ್ನೊಂದು ಮಾತನ್ನು, ಹೆಣ್ಣೇ ಆದ ನಾನು, ಮೈಕಿಗೆ ಹೇಳಿಸಲಿಲ್ಲ. ಅಲ್ಲಿಂದಲೇ ನಯಾಜ್‌ಗೆ ಫೋನ್ ಮಾಡಿದೆ. “ನಡುವಿನ ಮಾತಾ? ಅದನ್ನೆಲ್ಲ ಇಟ್ಕೊಂಡ್ರೆ ಜಾಗ ಎಲ್ಲಿ ಮೇಡಂ,” ಎಂದರು.

ಈಗ ನಾನು ಯಾವ ಸಾಲು ಬರೆದರೂ ಅದನ್ನು ಒಂದು ಸಲ ಗಂಡಿಗೆ, ಒಂದು ಸಲ ಹೆಣ್ಣಿಗೆ, ಬಾಯಿಬಿಟ್ಟು ಹೇಳಿ ನೋಡುತ್ತೇನೆ. ಕೆಲಸ ನನಗೆ ಕಲಿಸಿದ್ದು ಇಷ್ಟೇ: ವ್ಯಾಕರಣ ಒಂದೇ ಎಂದದ್ದನ್ನು ಮನೆಯೊಳಗಿನ ಮಾತು ಎರಡು ಮಾಡಿರುತ್ತದೆ.

ಅವತ್ತು ಮಾದೇವಣ್ಣ ಅವರೆಕಾಯಿ ಬಿಟ್ಟು ಒಳಗೆ ಬಂದು ಮಗಳ ಹಿಂದೆ ನಿಂತಿದ್ದರು. ಕೆಂಚ ಮತ್ತೆ ಅಂದ: “ಸಳಿ ಕಣ್ಲಾ.” ಮಾದೇವಣ್ಣನವರ ತುಟಿಗಳು ಒಂದನ್ನೊಂದು ಕೂಡಿ ಬೇರೆಯಾದವು, ಎರಡು ಸಲ. ಆ ಮಾತು ಯಾವುದೆಂದು ನನಗೆ ಗೊತ್ತಿತ್ತು. ಭಾಗ್ಯ ಟಿವಿಯ ಕಡೆಗೇ ನೋಡುತ್ತಿದ್ದಳು. ಸದ್ದಿದ್ದದ್ದು ಅಲ್ಲಿ ಮಾತ್ರ.

ಇಡೀ ಕೆಲಸದಲ್ಲಿ ಎಡವಟ್ಟಾದದ್ದು ಅದೊಂದೇ, ಒಂದೇ ಒಂದು ಅಕ್ಷರ.