ನಮ್ಮ ಮನೆಯಲ್ಲಿ ‘ಎನ್‌ಕ್ರಿಪ್ಟ್’

ಆ ಪದ ನಮ್ಮ ಮನೆಗೆ ಬಂದದ್ದು ನನ್ನ ಭಾವನ ಹೊಸ ಮೊಬೈಲಿನ ಜೊತೆಗೆ. ಭಾವ ಎಂದರೆ ನನ್ನ ಗಂಡನ ಅಣ್ಣ. ಸಾಂಗ್ಲಿ ಪೇಟೆಯಲ್ಲಿರುವ ನಮ್ಮ ಪಾತ್ರೆ ಅಂಗಡಿಯ ಯಜಮಾನ. ತಮಗೆ ಗೊತ್ತಿಲ್ಲದ ವಿಷಯ ಜಗತ್ತಿನಲ್ಲಿ ಏನಾದರೂ ಇದ್ದರೆ ಅದು ಜಗತ್ತಿನ ತಪ್ಪು ಎಂದು ನಂಬಿದವರು. ಚಾಟ್ ತೆರೆದಾಗ ಮೇಲೊಂದು ಹಳದಿ ಪಟ್ಟಿ ಬರುತ್ತದಲ್ಲ, ನಿಮ್ಮ ಸಂದೇಶಗಳು ಎನ್‌ಕ್ರಿಪ್ಟ್ ಆಗಿವೆ ಎಂದು, ಅದನ್ನು ನನ್ನ ಮುಖಕ್ಕೆ ಹಿಡಿದರು.

“ನೀ ಸಾಲ್ಯಾಗ ಕಲಿಸಿದಾಕಿ. ಇದರ ಅರ್ಥ ಏನ ಹೇಳು.”

ನಾನು ಅಥಣಿ ಕಡೆಯವಳು. ಮದುವೆಗೆ ಮುಂಚೆ ಕೆಲಕಾಲ ಕನ್ನಡ ಶಾಲೆಯಲ್ಲಿ ಪಾಠ ಹೇಳಿದ್ದೆ. ಆ ಒಂದು ಕಾರಣಕ್ಕೆ ಈ ಮನೆಯಲ್ಲಿ ಎಲ್ಲ ಪದಗಳ ಅರ್ಥವೂ ನನ್ನ ಪಾಲಿಗೆ ಬಿದ್ದಿದೆ.

“ನೀವು ಬರದದ್ದನ್ನ ಫೋನು ಕಲಸಿ, ಗುರುತು ಸಿಗದಂಗ ಮಾಡಿ ಕಳಸ್ತೈತ್ರಿ, ಭಾವಾರ. ಯಾರಿಗೆ ಕಳಿಸೀರೋ ಅವರ ಕಡೆ ಅಷ್ಟ ಅದರ ಕೀಲಿ ಇರ್ತೈತಿ. ನಡುವ ಯಾರ ಕೈಗೆ ಸಿಕ್ಕರೂ ಓದಾಕ ಬರೂದಿಲ್ಲ” ಎಂದೆ. ಕನ್ನಡದಲ್ಲಿ ಗೂಢಲಿಪಿ ಎನ್ನುತ್ತಾರೆ, ಪತ್ರಿಕೆಯವರು ಗೂಢಲಿಪೀಕರಣ ಎಂದು ನಾಲಿಗೆ ಹೊರಳದ ಹಾಗೆ ಬರೆಯುತ್ತಾರೆ ಎಂದೂ ಹೇಳಿದೆ.

ಭಾವನ ಮುಖ ಅರಳಿತು. “ಅಂದ್ರ ನಾವು ಗಿರಾಕಿ ಮುಂದ ಕನ್ನಡ ಮಾತಾಡ್ತೀವಲ್ಲ, ಹಂಗ!”

“ಹಂಗಲ್ರಿ” ಎಂದೆ. ಕೇಳುವವರು ಯಾರು? ಅಷ್ಟರಲ್ಲಿ ಅವರು ನನ್ನ ಗಂಡನನ್ನು ಕರೆದು ಆ ಪದವನ್ನು ತಾವೇ ಕಂಡುಹಿಡಿದವರಂತೆ ಅರ್ಥ ಹೇಳತೊಡಗಿದ್ದರು. ನನ್ನ ಗಂಡ ಹೂಂಗುಟ್ಟುತ್ತಿದ್ದರು. ಅಣ್ಣನ ಮುಂದೆ ಅವರಿಗೆ ಬರುವ ಮಾತು ಅದೊಂದೇ.

ಇಲ್ಲಿ ನಮ್ಮಂಥ ಮನೆಗಳು ಬೇಕಾದಷ್ಟಿವೆ. ಯಾವುದೋ ಕಾಲದಲ್ಲಿ ವ್ಯಾಪಾರಕ್ಕೆಂದು ಕರ್ನಾಟಕದ ಕಡೆಯಿಂದ ಬಂದು ಮಹಾರಾಷ್ಟ್ರದ ಸಾಂಗ್ಲಿ ಮಿರಜಗಳಲ್ಲಿ ನೆಲೆ ನಿಂತವರು. ಅಡುಗೆಮನೆಯಲ್ಲಿ, ಲಿಂಗಪೂಜೆಯಲ್ಲಿ, ಜಗಳದಲ್ಲಿ ಕನ್ನಡ. ಹೊಸ್ತಿಲು ದಾಟಿದರೆ ಮರಾಠಿ. ಮಕ್ಕಳ ಜೊತೆ ಹೊಸ್ತಿಲ ಒಳಗೂ ಮರಾಠಿ. ಇದರಲ್ಲಿ ನಾಚಿಕೆ ಪಡುವಂಥದ್ದೇನೂ ಇಲ್ಲ. ನಾಚಿಕೆ ಪಡಬೇಕಾದದ್ದು ಬೇರೆ. ನಮ್ಮವರಿಗೆ ಕನ್ನಡ ಎಂದರೆ ಎದುರಿಗಿದ್ದವರನ್ನು ಮೂರ್ಖರನ್ನಾಗಿಸುವ ಉಪಾಯ. ಹಾಡಲಿಕ್ಕಲ್ಲ, ಓದಲಿಕ್ಕಲ್ಲ, ಮಕ್ಕಳನ್ನು ಮಲಗಿಸಲಿಕ್ಕಲ್ಲ. ಗಿರಾಕಿ ಎದುರಿಗೆ ಕುಳಿತಿರುವಾಗ ಅವನ ಯೋಗ್ಯತೆ ಅಳೆಯಲಿಕ್ಕೆ.

ಅಂದಿನಿಂದ ಈ ಉಪಾಯಕ್ಕೊಂದು ಇಂಗ್ಲಿಷ್ ಹೆಸರು ಸಿಕ್ಕಿತು. “ಎನ್‌ಕ್ರಿಪ್ಟ್ ಮಾಡು” ಎಂದರೆ ಕನ್ನಡದಲ್ಲಿ ಹೇಳು ಎಂದರ್ಥ. “ಇದು ಎನ್‌ಕ್ರಿಪ್ಟ್‌ನಾಗ ಇರ್ಲಿ” ಎಂದರೆ ಮಕ್ಕಳಿಗೆ ಹೇಳಬೇಡ ಎಂದು. ನನ್ನ ವಾರಗಿತ್ತಿ, ಅಂದರೆ ಭಾವನ ಹೆಂಡತಿ, ಇನ್ನೂ ಮುಂದೆ ಹೋದರು. ಬೀಗರ ಮನೆಯಲ್ಲಿ ಸಾರು ಸಪ್ಪಗಿದ್ದರೆ ನನ್ನತ್ತ ಬಾಗಿ “ಎಂಕ್ರೀಪ್” ಎಂದು ಪಿಸುಗುಟ್ಟಿ, ಆಮೇಲೆ ಇಡೀ ಪಂಕ್ತಿಗೆ ಕೇಳುವ ಹಾಗೆ ಕನ್ನಡದಲ್ಲಿ ಆ ಸಾರಿನ ಮರ್ಯಾದೆ ತೆಗೆಯುತ್ತಿದ್ದರು.

ಗುಟ್ಟು ಕಾಯಲೆಂದು ಗೂಢಲಿಪಿಯಲ್ಲಿ ಬರೆಯುವವರ ಬಗ್ಗೆ ನನಗೆ ಗೌರವವಿದೆ. ಅವರು ಅಕ್ಷರ ಬದಲಿಸುತ್ತಾರೆ, ಶ್ರಮಪಡುತ್ತಾರೆ. ಎಲ್ಲಕ್ಕಿಂತ ಹೆಚ್ಚಾಗಿ, ಎದುರಿಗಿರುವ ಅಪರಿಚಿತನಿಗೂ ಬುದ್ಧಿ ಇದೆ ಎಂದು ಒಪ್ಪಿಕೊಂಡಿರುತ್ತಾರೆ. ನಮ್ಮವರಿಗೆ ಆ ಅನುಮಾನವೇ ಇಲ್ಲ. ಗಡಿಯಿಂದ ಬಸ್ಸು ರೈಲು ತುಂಬಿ ಕನ್ನಡದವರು ಬರುವ ಊರಲ್ಲಿ ಕುಳಿತು, ಗಂಟಲು ಬಿಚ್ಚಿ ಕನ್ನಡ ಮಾತಾಡಿ, ಗುಟ್ಟು ಹೇಳಿದೆವು ಎಂದುಕೊಳ್ಳುತ್ತಾರೆ.

ಒಂದು ದಿನ ನಾನು ಅಂಗಡಿಯಲ್ಲಿದ್ದಾಗ ಊರ ಪಕ್ಕದ ಹರಿಪುರದ ಮುದುಕಿಯೊಬ್ಬಳು ಹಿತ್ತಾಳೆ ಕೊಡಗಳನ್ನು ಒಂದೊಂದಾಗಿ ಎತ್ತಿ, ತಟ್ಟಿ, ಕಿವಿಗೊಟ್ಟು ಕೇಳುತ್ತಿದ್ದಳು. ಭಾವ ಮರಾಠಿಯಲ್ಲಿ ಅವಳಿಗೆ “ಬಘಾ, ಬಘಾ, ಆಜಿ” ಎಂದು, ನೋಡಿ ಅಜ್ಜಿ ನೋಡಿ ಎಂದು, ಜೇನು ಸುರಿಸಿ, ತಮ್ಮನತ್ತ ತಿರುಗಿ, “ಈ ಮುದುಕಿ ಒಂದೂ ತಗೊಳ್ಳೂದಿಲ್ಲ. ಸುಮ್ನ ಕೈಯಾಡಿಸಾಕ ಬಂದಾಳ” ಎಂದರು. ಮುದುಕಿ ಕೊಡ ಕೆಳಗಿಟ್ಟಳು. “ಕೈಯಾಡಿಸಲಾರ್ದ ಕೊಡ ಹೆಂಗ ತಗೊಳ್ಳೂದಪಾ?” ಎಂದು ಶುದ್ಧ ಕನ್ನಡದಲ್ಲಿ ಕೇಳಿ ಎದುರಿನ ಅಂಗಡಿಗೆ ನಡೆದಳು. ಇದರಿಂದ ಭಾವ ಕಲಿತದ್ದೇನು? “ಆಕಿ ಕರ್ನಾಟಕದಾಕಿ ಇರಬೇಕು” ಎಂದರು. ಹರಿಪುರದಲ್ಲಿ ಕನ್ನಡ ಮಾತಾಡುವ ಜೈನರ ಮನೆಗಳಿಲ್ಲವೇ ಎಂದು ನಾನು ಕೇಳಲಿಲ್ಲ. ಕಲಿಯುವ ಉದ್ದೇಶವೇ ಇಲ್ಲದವರ ಎದುರು ನನ್ನ ಮೇಷ್ಟ್ರಿಕೆ ಯಾಕೆ?

ಅಂಗಡಿಯಲ್ಲಿ ಹಾಳಾದದ್ದು ಒಂದು ಕೊಡದ ವ್ಯಾಪಾರ. ಮನೆಯಲ್ಲಿ ಇದೇ ಚಾಳಿ ಭಾವನ ಮಗಳ ಬದುಕಿಗೇ ಕೈಯಿಟ್ಟಿತು.

ಹುಡುಗಿ ಮಿರಜದ ಒಂದು ಆಸ್ಪತ್ರೆಯಲ್ಲಿ ಫಿಸಿಯೋಥೆರಪಿ ಮಾಡಿಸುವವಳು. ಮೊಣಕಾಲು ಬದಲಿಸಿಕೊಂಡವರನ್ನು, ಲಕ್ವ ಹೊಡೆದವರನ್ನು ಮತ್ತೆ ನಡೆಸುವುದು ಅವಳ ಕೆಲಸ. ಮನೆಯಲ್ಲಿ ಅವಳ ಮಾತೆಲ್ಲ ಮರಾಠಿ. ನನ್ನನ್ನು ಚಿಕ್ಕಮ್ಮ ಅನ್ನದೆ ಮರಾಠಿಯ ಕಾಕೂ ಎನ್ನುತ್ತಾಳೆ. ಅವಳಿಗೆ ಮಾಧವನಗರದಿಂದ ಒಂದು ಸಂಬಂಧ ಬಂತು. ಬಟ್ಟೆ ವ್ಯಾಪಾರದ ದೊಡ್ಡ ಮನೆತನ, ನಮ್ಮವರೇ. ಹುಡುಗನಿಗೆ ಈ ಮೊದಲು ಒಂದು ಮದುವೆಯಾಗಿತ್ತು. ಆ ಹೆಂಡತಿ ಕೆಲವೇ ತಿಂಗಳಲ್ಲಿ ತವರಿಗೆ ಹೋದವಳು ಮರಳಿ ಬರಲಿಲ್ಲ, ಕೋರ್ಟಿನಲ್ಲಿ ವಿಚ್ಛೇದನವಾಯಿತು. ಭಾವನಿಗೆ ಇದು ಗೊತ್ತಿತ್ತು, ವಾರಗಿತ್ತಿಗೆ ಗೊತ್ತಿತ್ತು. ಮಗಳಿಗೆ ಮಾತ್ರ ಹೇಳಬಾರದೆಂದು ತೀರ್ಮಾನವಾಯಿತು. ಆ ತೀರ್ಮಾನ ಆದದ್ದು ಊಟದ ಹೊತ್ತಿನಲ್ಲಿ, ಮಗಳು ಪಕ್ಕದಲ್ಲೇ ಕುಳಿತು ಜೋಳದ ಭಾಕ್ರಿ ಮುರಿಯುತ್ತಿದ್ದಾಗ, ಕನ್ನಡದಲ್ಲಿ.

“ಭಾವಾರ, ಹುಡುಗಿಗೆ ಹೇಳ್ರಿ” ಎಂದೆ. “ಬದುಕು ಮಾಡೂದು ಆಕಿ.”

“ನೀ ನಡುವ ಬಾಯಿ ಹಾಕಬ್ಯಾಡ. ಮಾಧವನಗರದವರ ಹೆಸರು ಎಷ್ಟ ದೊಡ್ಡದು ಗೊತ್ತೈತೇನು? ಒಮ್ಮೆ ಅಕ್ಷತಾ ಬೀಳ್ಲಿ. ಆಮ್ಯಾಲ ತಾನ ತಿಳೀತೈತಿ, ತಾನ ಹೊಂದಿಕೋತಾಳ.”

ನನ್ನ ಗಂಡ ಹೂಂ ಎಂದರು. ಹುಡುಗಿ ಮರಾಠಿಯಲ್ಲಿ ಉಪ್ಪಿನಕಾಯಿ ಕೇಳಿದಳು. ಅವಳಿಗೆ ಉಪ್ಪಿನಕಾಯಿ ಬಡಿಸುತ್ತಲೇ ಅವಳ ತಾಯಿ, ಮೊದಲ ಹೆಂಡತಿಯ ಬಣ್ಣ ನಮ್ಮ ಹುಡುಗಿಗಿಂತ ಕೆಂಪಗಿತ್ತಂತೆ ಎಂದು ಕನ್ನಡದಲ್ಲಿ ಚಿಂತೆ ಮಾಡಿದರು. ನಾನು ತಟ್ಟೆ ಎತ್ತಿಕೊಂಡು ಎದ್ದೆ.

ಮರುದಿನ ಮಧ್ಯಾಹ್ನ ನಾನು ಮಿರಜಕ್ಕೆ ಹೋದೆ. ಎಲ್ಲವನ್ನೂ ಅವಳಿಗೆ ಹೇಳಿಯೇ ಬರುವುದೆಂದು ನಿಶ್ಚಯಿಸಿದ್ದೆ. ಅವಳ ಕೋಣೆಯ ಬಾಗಿಲಿಗೆ ಬಂದಾಗ ಒಳಗಿನಿಂದ ಕೇಳಿದ ಮಾತಿಗೆ ಅಲ್ಲೇ ನಿಂತುಬಿಟ್ಟೆ.

“ಕಾಲ ಎತ್ರಿ, ಅಜ್ಜಿ. ಹೆದರಬ್ಯಾಡ್ರಿ, ನಾ ಹಿಡದೇನಿ. ಎಲ್ಲಿ ನೋಯಾಕತ್ತೈತ್ರಿ? ಇಲ್ಲೋ? ಇನ್ನೊಂದ ಸಲ ಎತ್ರಿ, ಆತು, ಆತು.”

ವಿಜಾಪುರ ಕಡೆಯ ಅಜ್ಜಿಯೊಬ್ಬಳು ಅವಳ ಹೆಗಲು ಹಿಡಿದು ನಡೆಯುತ್ತಿದ್ದಳು. ನನ್ನನ್ನು ಕಂಡು ಹುಡುಗಿ ನಕ್ಕಳು. ಸಿಕ್ಕಿಬಿದ್ದವರ ನಗು ಅದಲ್ಲ. ಕೊನೆಗೂ ಬಂದಿರಾ ಎಂಬಂಥ ನಗು.

ಹೊರಗೆ ಚಹಾ ಗಾಡಿಯ ಬಳಿ ನಿಂತು ನಾನು ಮಾತು ತೆಗೆಯುವ ಮೊದಲೇ ಅವಳು ಮರಾಠಿಯಲ್ಲಿ “ಮಲಾ ಸಗಳಂ ಮಾಹೀತ ಆಹೇ, ಕಾಕೂ” ಎಂದಳು. ಎಲ್ಲ ಗೊತ್ತಿದೆ ಎಂದು. ಮೊದಲ ಮದುವೆ ಗೊತ್ತು, ಕೋರ್ಟು ಗೊತ್ತು, ಆ ಹೆಂಡತಿಯ ಕೆಂಪು ಬಣ್ಣವೂ ಗೊತ್ತು. ಕನ್ನಡ ಮೊದಲಿಂದಲೂ ತಿಳಿಯುತ್ತಿತ್ತು. ಆಡಲು ಕಲಿಸಿದವರು ಇಲ್ಲಿಯ ರೋಗಿಗಳು.

“ಮತ್ತ ಮನ್ಯಾಗ ಯಾಕ ಮಾತಾಡೂದಿಲ್ಲ?”

“ಮನ್ಯಾಗ ನನಗ ಯಾರೂ ಕನ್ನಡದಾಗ ಏನೂ ಕೇಳೇ ಇಲ್ಲಲ್ರಿ.” ಚಹಾ ಮುಗಿಸಿ ಅವಳು ಹೇಳಿದಳು, “ನೀವು ಹೇಳಾಕ ಬಂದ್ರಿ, ಸಾಕು. ಆದ್ರ ಇದನ್ನ ಪಪ್ಪಾ ಹೇಳ್ಬೇಕು. ಅವರು ಕುಂದರ್ಸಿ ಹೇಳಿದ್ರ ನಾ ಆ ಹುಡುಗನ್ನ ನೋಡೇ ನೋಡ್ತೀನಿ. ಎರಡನೇ ಮದಿವಿ ಅಂದ್ರ ಏನ ದೊಡ್ಡ ಪಾಪ? ಹೇಳ್ಲಿಲ್ಲಂದ್ರ ಮಾತ್ರ ಇಲ್ಲ.”

ಹೀಗೆ ಮಗಳು ಅಪ್ಪನಿಗೆ ಅವಕಾಶ ಕೊಟ್ಟು ಕಾದಳು. ಆ ದಿನಗಳಲ್ಲಿ ನಾನು ಭಾವನನ್ನು ನೋಡಿದಷ್ಟು ಗಮನವಿಟ್ಟು ಯಾರನ್ನೂ ನೋಡಿಲ್ಲ. ಅವಳ ಗಾಡಿ ಕೆಟ್ಟಾಗ ತಮ್ಮ ಮೋಟಾರ್‌ಸೈಕಲ್ಲಿನಲ್ಲಿ ಮಿರಜದವರೆಗೆ ಬಿಟ್ಟು ಬಂದರು. ದಾರಿಯುದ್ದಕ್ಕೂ ಮಾತಾಡಿದ್ದು ರಸ್ತೆಯ ಗುಂಡಿಗಳ ಬಗ್ಗೆಯಂತೆ. ಇಬ್ಬರೇ ಕುಳಿತು ಟೀವಿ ನೋಡಿದರು. ಕ್ರಿಕೆಟ್ ಬಗ್ಗೆ ಮಾತಾಡಿದರು. ಅವಳು ಒಮ್ಮೆ ತಾನೇ ದಾರಿ ಮಾಡಿಕೊಟ್ಟು, ಹುಡುಗನ ಬಗ್ಗೆ ನನಗೆ ತಿಳಿಯಬೇಕಾದದ್ದು ಏನಾದರೂ ಇದೆಯೇ ಪಪ್ಪಾ ಎಂದು ಕೇಳಿದಳು. ಎತ್ತರ ಚೆನ್ನಾಗಿದೆ ಎಂದರು. ಅಂಗಡಿಯಲ್ಲಿ ಗಂಟೆಗಟ್ಟಲೆ ಬಾಯಿ ಮುಚ್ಚದ ಮನುಷ್ಯನಿಗೆ ಮಗಳ ಮುಂದೆ ಒಂದು ನಿಜ ಆಡುವಷ್ಟು ಧೈರ್ಯ ಇರಲಿಲ್ಲ. ಹೇಡಿಗಳನ್ನು ನಾನು ಕ್ಷಮಿಸಬಲ್ಲೆ. ತಮ್ಮ ಹೇಡಿತನವನ್ನು ಜಾಣತನ ಎಂದುಕೊಂಡು ಮೀಸೆ ತಿರುವುವವರನ್ನು ಕಂಡರೆ ನನಗೆ ಆಗುವುದಿಲ್ಲ.

ಹುಡುಗನ ಕಡೆಯವರು ನೋಡಲು ಬಂದರು. ಹುಡುಗ, ಅವನ ತಾಯಿ, ತಂದೆ. ಹುಡುಗಿ ಅವಲಕ್ಕಿಯ ತಟ್ಟೆಗಳನ್ನು ತಂದಳು. ಹುಡುಗನ ತಾಯಿ ಮರಾಠಿಯಲ್ಲಿ ಅಡುಗೆ, ನೌಕರಿ, ಹವ್ಯಾಸ ಎಲ್ಲ ವಿಚಾರಿಸಿದರು. ಆಮೇಲೆ ಭಾವನತ್ತ ತಿರುಗಿ, ದನಿಯನ್ನು ಒಂದಿಷ್ಟೂ ತಗ್ಗಿಸದೆ, ಕನ್ನಡಕ್ಕೆ ಇಳಿದರು.

“ಮೊದಲಿನ ಸಂಬಂಧದ ಸುದ್ದಿ ಹುಡುಗಿಗೆ ಹೇಳೀರೇನ್ರಿ?”

“ಇಲ್ರಿ. ಮದಿವಿ ಆದ್ಮ್ಯಾಲ ನೋಡೂಣು. ಚಿಂತಿ ಮಾಡ್ಬ್ಯಾಡ್ರಿ, ಆಕಿಗೆ ಕನ್ನಡ ತಿಳಿಯಂಗಿಲ್ಲ” ಎಂದು ಭಾವ ಮಗಳತ್ತ ನೋಡಿ ಪ್ರೀತಿಯಿಂದ ನಕ್ಕರು.

“ನಮ್ಮ ಹುಡುಗಗೂ ತಿಳಿಯಂಗಿಲ್ರಿ” ಎಂದು ಆ ತಾಯಿಯೂ ನಕ್ಕರು.

ಇಬ್ಬರು ಬೆಳೆದ ಮಕ್ಕಳನ್ನು ನಡುವೆ ಕೂರಿಸಿಕೊಂಡು, ಅವರ ತಲೆಯ ಮೇಲಿಂದ ಹಿರಿಯರು ನಗುತ್ತಿದ್ದರು. ಅವಲಕ್ಕಿ ಚೆನ್ನಾಗಿದೆ ಎಂದು ಹುಡುಗ ಮರಾಠಿಯಲ್ಲಿ ನನಗೆ ಹೇಳುತ್ತಿದ್ದ, ಪಾಪ.

ಹುಡುಗಿ ಎದ್ದು ನೀರಿನ ಲೋಟವನ್ನು ಹುಡುಗನ ತಾಯಿಯ ಮುಂದೆ ಹಿಡಿದಳು.

“ನೀರ ತಗೋರಿ. ಮೊದಲಿನ ಸೊಸಿ ಯಾಕ ಬಿಟ್ಟು ಹೋದ್ರು ಅಂತ ನನಗೂ ಒಂದೀಟ ಹೇಳ್ರಿ.”

ಆ ತಾಯಿಯ ಕೈ ಲೋಟದ ತನಕ ಬಂದು ನಿಂತಿತು. ಭಾವನ ಬಾಯಿಂದ ಗಾಬರಿಯಲ್ಲಿ ಬಂದ ಮೊದಲ ಮಾತು, ಹೆಂಡತಿಗೆ, “ಏ, ಎನ್‌ಕ್ರಿಪ್ಟ್!” ಎಂದು. ಕನ್ನಡವೇ ಬಯಲಾಗಿ ಬಿದ್ದಿರುವಾಗ ಮತ್ತೆ ಕನ್ನಡದಲ್ಲಿ ಮಾತಾಡು ಎಂದು ಹೆಂಡತಿಗೆ ಸನ್ನೆ! ಇಂಥ ಬುದ್ಧಿಯಿಂದ ಇವರು ಇಷ್ಟು ವರ್ಷ ಅಂಗಡಿ ನಡೆಸಿದ್ದಾರೆ ಎಂದರೆ ಸಾಂಗ್ಲಿಯ ಗಿರಾಕಿಗಳ ತಾಳ್ಮೆ ದೊಡ್ಡದು.

ಹುಡುಗಿ ಹುಡುಗನಿಗೆ ಮರಾಠಿಯಲ್ಲಿ ನಡೆದದ್ದನ್ನು ನಾಲ್ಕು ಮಾತಲ್ಲಿ ತಿಳಿಸಿದಳು. ಅವನ ಮುಖ ಕೆಂಪಾಯಿತು. ಅವಳಿಗೆ ಎಲ್ಲ ಹೇಳಿಯಾಗಿದೆ, ಅವಳು ಒಪ್ಪಿದ್ದಾಳೆ ಎಂದು ಅವನಿಗೆ ಹೇಳಿ ಕರೆತಂದಿದ್ದರು. ಅವನು ಎದ್ದು ಕೈ ಮುಗಿದು ಕ್ಷಮಿಸಿ ಎಂದ. ಆ ಕೋಣೆಯಲ್ಲಿ ಆ ಮಾತು ಆಡಿದವನು ಅವನೊಬ್ಬನೇ. ತಾಯಿ ತಂದೆಗೆ ಕಾಯದೆ ಹೊರಗೆ ಹೋಗಿ ಚಪ್ಪಲಿ ಮೆಟ್ಟಿದ.

ಅವರು ಹೋದ ಮೇಲೆ ಭಾವ ಕುದಿದರು. ಮನೆತನದ ಮಾನ ಹೋಯಿತು ಎಂದರು, ಪೇಟೆಯಲ್ಲಿ ಮುಖ ತೋರಿಸುವಂತಿಲ್ಲ ಎಂದರು. ತಾವು ಮುಚ್ಚಿಟ್ಟದ್ದರ ಬಗ್ಗೆ ಒಂದಕ್ಷರ ಇಲ್ಲ. ಅವರ ಸಿಟ್ಟೆಲ್ಲ ಮಗಳಿಗೆ ಕನ್ನಡ ಬರುತ್ತದೆ ಎಂಬುದರ ಮೇಲೆ.

“ಎಂದಿನಿಂದ ತಿಳೀತೈತಿ ನಿನಗ?”

“ಸಣ್ಣಾಕಿ ಇದ್ದಾಗಿಂದ.”

ವಾರಗಿತ್ತಿ ಸೋಫಾದ ಅಂಚಿಗೆ ಕುಸಿದರು. ಅವರು ಏನೇನು ನೆನಪು ಮಾಡಿಕೊಳ್ಳುತ್ತಿದ್ದಾರೆಂದು ನನಗೆ ಗೊತ್ತಿತ್ತು. ಈ ಮಗುವಿನ ಎದುರಿಗೆ ಕನ್ನಡದಲ್ಲಿ ಏನು ಆಡಿರಲಿಲ್ಲ ಅವರು? ಗಂಡು ಹುಟ್ಟಬೇಕಿತ್ತು ಎಂದಿದ್ದರು. ಇಂಥ ಬಣ್ಣಕ್ಕೆ ಯಾರು ಸಿಗುತ್ತಾರೆ ಎಂದಿದ್ದರು. ಓದಿಸಿದ್ದು ದಂಡ ಎಂದಿದ್ದರು. ಅವಳು ಅದೆಲ್ಲವನ್ನೂ ಕೇಳಿ, ಮರಾಠಿಯಲ್ಲಿ ಉಪ್ಪಿನಕಾಯಿ ಕೇಳುತ್ತ ಬೆಳೆದಿದ್ದಳು.

“ಪಪ್ಪಾ” ಎಂದಳು ಹುಡುಗಿ. ಅವಳ ದನಿಯಲ್ಲಿ ಸಿಟ್ಟಿರಲಿಲ್ಲ. “ಒಂದ ಹೇಳ್ರಿ. ನನಗ ಕನ್ನಡ ಯಾಕ ಕಲಿಸ್ಲಿಲ್ಲ?”

ಭಾವ ಯೋಚಿಸಲೂ ಇಲ್ಲ. ಇಷ್ಟು ಸರಳ ಸಂಗತಿಯನ್ನು ಯಾಕೆ ಕೇಳುತ್ತಾಳೆ ಎಂಬಂತೆ ಅವಳನ್ನು ನೋಡಿದರು.

“ನಿನ್ನ ಮುಂದ ನಾವು ಮಾತಾಡಾಕ ಒಂದ ಭಾಷಾ ಬೇಕಿತ್ತಲ್ಲ!”

ನನ್ನ ಗಂಡ ಕೂಡ ಹೂಂ ಎನ್ನಲಿಲ್ಲ. ಹುಡುಗಿ ಕುರ್ಚಿ ಎಳೆದು ಅಪ್ಪನ ಎದುರಿಗೆ ಕುಳಿತಳು.

“ಈಗ ನನಗೂ ಬರ್ತೈತಿ. ಮಾತಾಡ್ರಿ, ಪಪ್ಪಾ.”

ಭಾವ ಬಾಯಿ ತೆರೆದರು. ಅವಳು ಕಾದಳು. ಮಗಳ ಮುಂದೆ ಅಷ್ಟು ವರ್ಷ ಆಡಿದ ಭಾಷೆಯಲ್ಲಿ ಮಗಳಿಗೆ ಹೇಳಲು ಅವರಿಗೆ ಒಂದು ಮಾತೂ ಸಿಗಲಿಲ್ಲ. ಕೊನೆಗೆ ಮರಾಠಿಯಲ್ಲಿ, ಬಾಗಿಲು ಹಾಕು, ಧೂಳು ಬರುತ್ತಿದೆ ಎಂದರು.